ಮನೆಮಾತಿನ ಸರಿತಪ್ಪು ತೀರ್ಮಾನಿಸುವವರು ಯಾರು?

ಪ್ರಶ್ನೆ: ನಾನು ಶಿರಸಿ ತಾಲ್ಲೂಕಿನ ಪ್ರೌಢಶಾಲೆಯೊಂದರಲ್ಲಿ ಶಿಕ್ಷಕಿ. ತವರು ಘಟ್ಟದ ಮೇಲೆ, ಗಂಡನ ಮನೆ ಕುಮಟಾ ಕಡೆ. ಎರಡೂ ಕಡೆ ಮನೆಯೊಳಗೆ ಹವ್ಯಕ ಕನ್ನಡವೇ. ಊರಿನ ಯುವಕ ಸಂಘದ ಕಾರ್ಯಕ್ರಮಕ್ಕೆಂದು ಈ ಮಾತಿನಲ್ಲಿ ಒಂದು ಸಣ್ಣ ನಾಟಕ ಬರೆದೆ. ಓದಿದ ಹಿರಿಯರೊಬ್ಬರು ‘ಇದು ಶುದ್ಧ ಹವ್ಯಕವಲ್ಲ, ಎರಡು ಸೀಮೆಯ ಮಾತು ಕಲಸಿಹೋಗಿದೆ’ ಎಂದರು. ಸಹೋದ್ಯೋಗಿಯೊಬ್ಬರು ‘ಆಡುಮಾತಿಗೆ ಎಲ್ಲಿಯ ವ್ಯಾಕರಣ, ಹೇಗೆ ಬರೆದರೂ ನಡೆಯುತ್ತದೆ’ ಎಂದರು. ಇಬ್ಬರಲ್ಲಿ ಯಾರ ಮಾತು ಸರಿ? ಇಂಥ ಮಾತುಗಳಲ್ಲಿ ಪ್ರಮಾಣ, ಅಂದರೆ ‘ಇದೇ ಸರಿ’ ಎಂಬ ಮಾದರಿ, ಹುಟ್ಟುವುದು ಹೇಗೆ, ಅದನ್ನು ಹುಟ್ಟಿಸುವವರು ಯಾರು?

ಉತ್ತರ: ನಿಮ್ಮ ಸಹೋದ್ಯೋಗಿಯ ಮಾತನ್ನು ಮೊದಲು ಮುಗಿಸಿಬಿಡೋಣ, ಏಕೆಂದರೆ ಅದು ಸುಲಭ. ಬೆಂಗಳೂರಿನಲ್ಲಿ ಬೆಳೆದ ಮಗುವೊಂದು ಬೇಸಿಗೆ ರಜೆಗೆ ಶಿರಸಿಯ ಅಜ್ಜನ ಮನೆಗೆ ಬಂದು ‘ತಂಗಿ ಬಂದ್ಲು’ ಎಂದಿತು ಎನ್ನಿ. ಜಗಲಿಯಲ್ಲಿ ಕುಳಿತವರೆಲ್ಲ ನಗುತ್ತಾರೆ. ಹವ್ಯಕದಲ್ಲಿ ತಂಗಿ ಬರುವುದು ‘ಬಂತು’ ಎಂದೇ. ಹೆಣ್ಣಿಗೆ ನಪುಂಸಕ ಲಿಂಗದ ಕ್ರಿಯಾಪದ ಹಚ್ಚುವುದು ಅಲ್ಲಿಯ ಕಟ್ಟಳೆ. ಅದೇ ‘ತಂಗಿ ಬಂತು’ ಶಾಲೆಯ ಪ್ರಬಂಧದಲ್ಲಿ ಕಂಡರೆ ನೀವೇ ಕೆಂಪು ಶಾಯಿಯಲ್ಲಿ ತಿದ್ದುತ್ತೀರಿ. ಹಗಲು ಒಂದನ್ನು ತಪ್ಪೆನ್ನುವ ಕಿವಿಯೇ ಸಂಜೆ ಇನ್ನೊಂದನ್ನು ತಪ್ಪೆನ್ನುತ್ತದೆ, ಮತ್ತು ಎರಡೂ ಸಲ ಅದು ಸರಿಯಾಗಿಯೇ ಇರುತ್ತದೆ. ವ್ಯಾಕರಣವಿಲ್ಲದ ಮಾತಿನಲ್ಲಿ ಯಾರೂ ತಪ್ಪು ಮಾಡಲಾರರು. ಮಗುವಿನ ಮಾತಿಗೆ ನಗು ಬಂದಿತೆಂದರೆ ಅಲ್ಲೊಂದು ನಿಯಮ ಇದೆ ಎಂದೇ ಅರ್ಥ.

ಇನ್ನೂ ಸೂಕ್ಷ್ಮವಾದದ್ದನ್ನು ನೋಡಿ. ಹೋಗಲು, ಬರಲು ಎನ್ನುವುದಕ್ಕೆ ನಿಮ್ಮ ಮನೆಯಲ್ಲಿ ‘ಹೋಪಲೆ’, ‘ಬಪ್ಪಲೆ’ ಎನ್ನುತ್ತಾರೆ. ತಿನ್ನಲು, ಕಾಣಲು ಎನ್ನುವುದಕ್ಕೆ ‘ತಿಂಬಲೆ’, ‘ಕಾಂಬಲೆ’. ಆದರೆ ಮಾಡಲು ಎನ್ನುವಾಗ ‘ಪ’ವೂ ಇಲ್ಲ, ‘ಬ’ವೂ ಇಲ್ಲ, ‘ಮಾಡಲೆ’ ಎಂದಷ್ಟೇ. ಯಾವ ಧಾತುವಿಗೆ ‘ಪ’, ಯಾವುದಕ್ಕೆ ‘ಬ’, ಯಾವುದಕ್ಕೆ ಎರಡೂ ಬೇಡ ಎಂಬುದನ್ನು ಯಾವ ಮೇಷ್ಟರೂ ಕಲಿಸಲಿಲ್ಲ, ಆದರೂ ಐದು ವರ್ಷದ ಮಗು ಎಡವುವುದಿಲ್ಲ. ಹಳಗನ್ನಡ ಪಾಠ ಮಾಡುವವರಿಗೆ ಇದು ಪರಿಚಿತ ದೃಶ್ಯ: ಪೋಪ, ಬರ್ಪ, ತಿಂಬ, ಕಾಣ್ಬ. ಪುಸ್ತಕದ ಕನ್ನಡ ಕಳಚಿ ಹಾಕಿದ್ದನ್ನು ನಿಮ್ಮ ಅಡುಗೆಮನೆ ಉಳಿಸಿಕೊಂಡಿದೆ. ಇಂಥ ನುಡಿಗೂ ಪೂರ್ಣಪ್ರಮಾಣದ ವ್ಯಾಕರಣ ಬರೆಯಬಹುದು ಎಂಬುದನ್ನು ಭಾಷಾವಿಜ್ಞಾನಿ ಡಿ. ಎನ್. ಶಂಕರ ಭಟ್ಟರು ದಶಕಗಳ ಹಿಂದೆಯೇ ಹವ್ಯಕ ಕನ್ನಡದ ವ್ಯಾಕರಣ ಬರೆದು ತೋರಿಸಿದ್ದಾರೆ. ‘ಹೇಗೆ ಬರೆದರೂ ನಡೆಯುತ್ತದೆ’ ಎನ್ನುವವರಿಗೆ ಇಷ್ಟು ಸಾಕು.

ಹಿರಿಯರ ಆಕ್ಷೇಪ ಇಷ್ಟು ಹಗುರಲ್ಲ. ‘ಶುದ್ಧ’ ಎಂಬ ಶಬ್ದ ನನಗೆ ರುಚಿಸುವುದಿಲ್ಲ, ಆದರೆ ಅವರ ಕಿವಿಗೆ ಏನೋ ತಾಗಿದ್ದು ಸುಳ್ಳಲ್ಲ. ಅದೇನೆಂದು ತಿಳಿಯಬೇಕಾದರೆ, ಬರವಣಿಗೆಗೆ ಮೊದಲೇ ಒಂದು ಮಾತಿನಲ್ಲಿ ಕಟ್ಟಳೆ ಹೇಗೆ ನಿಲ್ಲುತ್ತದೆ ಎಂಬುದನ್ನು ನೋಡಬೇಕು.

ನಾನು ಬಳಸುವ ಪರೀಕ್ಷೆ ಸರಳ: ಸಂಶಯ ಬಂದಾಗ ಜನ ಯಾರ ಕಡೆ ತಿರುಗುತ್ತಾರೆ? ಒಂದು ಊರಿನವರು ತಮ್ಮ ಮಾತಿನ ಬಗ್ಗೆ ಸಂಶಯ ಬಂದಾಗ ಹೊರಗಿನ ಪುಸ್ತಕವನ್ನೋ ಪಟ್ಟಣದವರನ್ನೋ ಕೇಳುತ್ತಿದ್ದರೆ ಅವರ ಪ್ರಮಾಣ ಹೊರಗಿದೆ. ತಮ್ಮೊಳಗಿನವರನ್ನೇ, ಅಜ್ಜಿಯನ್ನೋ ಭಾಗವತರನ್ನೋ ಕೇಳುತ್ತಿದ್ದರೆ ಪ್ರಮಾಣ ಒಳಗಿದೆ. ಸ್ಥಳೀಯ ನುಡಿಗೆ ತನ್ನದೇ ಕಟ್ಟಳೆ ಬಂದಿದೆಯೇ ಎಂದು ತಿಳಿಯಲು ನಿಘಂಟು ಅಚ್ಚಾಗಿದೆಯೇ ಎಂದು ನೋಡುವುದಕ್ಕಿಂತ ಇದು ನಂಬಿಕೆಗೆ ಅರ್ಹವಾದ ಗುರುತು.

ಒಳಗಿನ ಪ್ರಮಾಣ ಗಟ್ಟಿಯಾಗಿ ನಿಲ್ಲುವುದು ಜನ ಒಬ್ಬರನ್ನೊಬ್ಬರು ಹಲವು ನಂಟುಗಳಲ್ಲಿ ಬಲ್ಲ ಕಡೆ. ಲೆಸ್ಲಿ ಮಿಲ್ರಾಯ್ ಎಂಬ ವಿದುಷಿ ಉತ್ತರ ಐರ್ಲೆಂಡಿನ ಬೆಲ್‌ಫಾಸ್ಟ್‌ನ ಕಾರ್ಮಿಕರ ಬಡಾವಣೆಗಳಲ್ಲಿ ಇದನ್ನು ವಿವರವಾಗಿ ತೋರಿಸಿದರು. ನೆರೆಯವನೇ ನೆಂಟ, ನೆಂಟನೇ ಜೊತೆಗಾರ ಎಂಬಂತಿದ್ದವರು ಸ್ಥಳೀಯ ಉಚ್ಚಾರಣೆಯನ್ನು ಬಿಗಿಯಾಗಿ ಹಿಡಿದಿದ್ದರು. ಶಿರಸಿ, ಸಿದ್ದಾಪುರದ ಅಡಿಕೆ ಸೀಮೆಯ ಚಿತ್ರವೂ ಇದೇ ಅಲ್ಲವೇ? ತೋಟದ ಗಡಿ ಹಂಚಿಕೊಂಡವರೇ ಶ್ರಾದ್ಧದ ಊಟಕ್ಕೂ ಬರುತ್ತಾರೆ, ಸೊಸೈಟಿಯ ಸಭೆಯಲ್ಲೂ ಸಿಗುತ್ತಾರೆ, ತಾಳಮದ್ದಳೆಯಲ್ಲೂ ಪಕ್ಕದಲ್ಲಿ ಕೂರುತ್ತಾರೆ. ಅಲ್ಲಿ ಮಾತು ಕೊಂಚ ಅತ್ತಿತ್ತಾದರೂ ಸಂಜೆಯೊಳಗೆ ಯಾರಾದರೂ ಅನುಕರಿಸಿ ನಗೆಯಾಡುತ್ತಾರೆ. ತಿದ್ದುಪಡಿಗೆ ಅದಕ್ಕಿಂತ ದೊಡ್ಡ ಅಕಾಡೆಮಿ ಬೇಕಿಲ್ಲ.

ಇದರ ಇನ್ನೊಂದು ಮುಖವೆಂದರೆ, ಪ್ರತಿ ಸೀಮೆಯೂ ತನ್ನನ್ನೇ ನಡುವೆ ಇಟ್ಟುಕೊಳ್ಳುತ್ತದೆ. ಒಂದು ಮನೆಯಲ್ಲಿ ಕೆಲಸ ‘ಆಯ್ದು’, ಇನ್ನೊಂದು ಕಡೆ ಅದೇ ಕೆಲಸ ‘ಆಜು’. ಉತ್ತರ ಕನ್ನಡದ ಹವ್ಯಕರಿಗೆ ತಾಯಿ ‘ಆಯಿ’, ದಕ್ಷಿಣ ಕನ್ನಡದವರಿಗೆ ‘ಅಬ್ಬೆ’. ಎಲ್ಲ ಕಡೆಯ ಮಾತೂ ಅದರದರ ಮಟ್ಟಿಗೆ ಅಚ್ಚುಕಟ್ಟು. ಹಿರಿಯರ ಕಿವಿಗೆ ತಾಗಿದ್ದು ಅಶುದ್ಧಿಯಲ್ಲ, ಒಂದೇ ಬಾಯಿಯಲ್ಲಿ ಎರಡು ಅಚ್ಚುಕಟ್ಟುಗಳು ಬಂದದ್ದು. ಘಟ್ಟ ಇಳಿದು ಸೊಸೆಯಾಗಿ ಹೋದವರ ಮಾತಿನಲ್ಲಿ ಇದು ಸಹಜ. ನಿಮ್ಮಂಥವರಿಂದಲೇ ಸೀಮೆಗಳ ಮಾತು ಒಂದಕ್ಕೊಂದು ಹತ್ತಿರ ಬರುವುದು. ಆದರೆ ನಾಟಕದಲ್ಲಿ ಅದು ಪಾತ್ರದ ಮಾತಾಗಿ ಕೇಳಿಸಬೇಕು, ಬರೆದವರ ಮಾತಾಗಿ ಅಲ್ಲ. ಈ ಎಳೆಗೆ ಕೊನೆಯಲ್ಲಿ ಮತ್ತೆ ಬರುತ್ತೇನೆ.

ಕಟ್ಟಳೆ ಹಳೆಯದನ್ನು ಕಾಯುತ್ತದೆ ಎಂದಷ್ಟೇ ತಿಳಿಯಬೇಡಿ. ಬೇಕೆಂದಾಗ ಅದು ಹೊಸದನ್ನೂ ಕಟ್ಟುತ್ತದೆ. ಅಮೆರಿಕದ ಮಾರ್ಥಾಸ್ ವಿನ್ಯಾರ್ಡ್ ಎಂಬ ದ್ವೀಪದ ಬಗ್ಗೆ ಭಾಷಾವಿಜ್ಞಾನಿ ವಿಲಿಯಂ ಲೆಬಾವ್ 1963ರಲ್ಲಿ ಪ್ರಕಟಿಸಿದ ಅಧ್ಯಯನ ಈ ವಿಷಯದಲ್ಲಿ ಇಂದಿಗೂ ಮೊದಲ ಪಾಠ. ಬೇಸಿಗೆಯಲ್ಲಿ ಹೊರಗಿನ ಶ್ರೀಮಂತರು ಬಂದು ತುಂಬಿಕೊಳ್ಳುವ ದ್ವೀಪ ಅದು. ಅಲ್ಲಿಯ ಮೀನುಗಾರರಲ್ಲಿ, ದ್ವೀಪದಲ್ಲೇ ಬಾಳುವ ಮನಸ್ಸಿದ್ದ ತರುಣರಲ್ಲಿ ಕೆಲವು ಸ್ವರಗಳ ಸ್ಥಳೀಯ ಉಚ್ಚಾರಣೆ ಕುಗ್ಗುವ ಬದಲು ಹೆಚ್ಚುತ್ತಿತ್ತು. ಬಿಟ್ಟು ಹೋಗಲು ಬಯಸುವವರಲ್ಲಿ ಅದು ಕಡಿಮೆ. ಪೇಟೆಗೆ ಹೋಗಿ ತೋಟಕ್ಕೆ ಮರಳಿದ ಮಕ್ಕಳು ಅಪ್ಪನಿಗಿಂತ ಗಟ್ಟಿಯಾಗಿ ಊರ ಮಾತಾಡುವುದನ್ನು ನೀವು ಗಮನಿಸಿದ್ದರೆ, ಅದೇನೂ ನಾಟಕವಲ್ಲ. ಅದು ತಾವು ಯಾರ ಕಡೆಯವರು ಎಂಬುದರ ಘೋಷಣೆ.

ಈಗ ಬರವಣಿಗೆಯ ಪ್ರಶ್ನೆ. ಆಡುಮಾತಿನ ಕಟ್ಟಳೆ ಊರೂರಿಗೆ ಬೇರೆ ಇದ್ದರೆ ಯಾರಿಗೂ ತೊಂದರೆಯಿಲ್ಲ. ಅಚ್ಚಿಗೆ ಹೋದೊಡನೆ ಒಂದನ್ನು ಆರಿಸಬೇಕಾಗುತ್ತದೆ. ಆಯ್ಕೆ, ಕ್ರೋಡೀಕರಣ (ನಿಯಮಗಳನ್ನು ಬರೆದಿಡುವುದು), ಬಳಕೆಯ ವಿಸ್ತರಣೆ, ಜನರ ಒಪ್ಪಿಗೆ ಎಂದು ಭಾಷಾವಿಜ್ಞಾನಿ ಐನಾರ್ ಹೌಗೆನ್ 1966ರಲ್ಲಿ ಈ ಹಾದಿಯನ್ನು ನಾಲ್ಕಾಗಿ ವಿಂಗಡಿಸಿದರು. ವಿಂಗಡಣೆ ಚೆನ್ನಾಗಿದೆ, ಆದರೆ ಪೆಟ್ಟು ಬೀಳುವುದು ಮೊದಲನೆಯದರಲ್ಲೇ. ಯಾರ ಮಾತನ್ನು ಆರಿಸಿದರೋ ಅದು ‘ಭಾಷೆ’ಯಾಗುತ್ತದೆ, ಉಳಿದದ್ದು ಮರುದಿನದಿಂದ ‘ಉಪಭಾಷೆ’.

ಇದಕ್ಕೆ ನಿಮ್ಮ ತಾಲ್ಲೂಕೇ ಸಾಕ್ಷಿ. ಬನವಾಸಿ ಇರುವುದು ಶಿರಸಿ ತಾಲ್ಲೂಕಿನಲ್ಲಿ, ಕದಂಬರ ರಾಜಧಾನಿ. ಪಂಪನ ಮನಸ್ಸು ನೆನೆದದ್ದು ಬನವಾಸಿ ದೇಶವನ್ನು, ಅದು ಎಲ್ಲರಿಗೂ ಬಾಯಿಪಾಠ. ಆದರೆ ತನ್ನ ಕಾವ್ಯ ಯಾವ ಕನ್ನಡದಲ್ಲಿದೆ ಎಂದು ಹೇಳುವಾಗ ಅವನು ಹೆಸರಿಸಿದ್ದು ಪುಲಿಗೆರೆಯ ತಿರುಳ ಕನ್ನಡವನ್ನು, ಅಂದರೆ ಇಂದಿನ ಗದಗ ಜಿಲ್ಲೆಯ ಲಕ್ಷ್ಮೇಶ್ವರದ ಸೀಮೆಯದನ್ನು. ಅವನಿಗಿಂತ ಸುಮಾರು ನೂರು ವರ್ಷ ಹಿಂದಿನ ಕವಿರಾಜಮಾರ್ಗವೂ ಕಿಸುವೊಳಲು, ಕೊಪಣ, ಪುಲಿಗೆರೆ, ಒಂಕುಂದಗಳ ನಡುವಿನ ನಾಡನ್ನೇ ತಿರುಳ್ಗನ್ನಡದ ನಾಡೆಂದು ಕರೆಯಿತು. ಬನವಾಸಿ ಆ ಚೌಕದೊಳಗೆ ಇಲ್ಲ. ಆಗಿನ ಅಧಿಕಾರದ, ವಿದ್ಯೆಯ, ಪೋಷಣೆಯ ಕೇಂದ್ರ ಬನವಾಸಿಯಿಂದ ಬಯಲುಸೀಮೆಯ ಕಡೆ ಸರಿದಿತ್ತು. ಒಲವು ಒಂದೂರಿನ ಮೇಲೆ, ಪ್ರಮಾಣ ಇನ್ನೊಂದೂರಿನದು: ಕನ್ನಡದಲ್ಲಿ ಇದು ಸಾವಿರ ವರ್ಷದ ಹಳೆಯ ಸಂಗತಿ. ಅದೇ ಕವಿರಾಜಮಾರ್ಗ ಕನ್ನಡವನ್ನು ಬಹುವಚನದಲ್ಲಿ ‘ಕನ್ನಡಂಗಳ್’ ಎಂದು ಕರೆದು, ದೇಸಿ ಬೇರೆ ಬೇರೆಯಾಗಿರುವುದರಿಂದ ಅವುಗಳ ದೋಷ ಇಷ್ಟೇ ಎಂದು ಎಣಿಸಲು ಹೊರಟರೆ ವಾಸುಕಿಗೂ ಬೇಸರ ಬಂದೀತು ಎಂದಿತು. ಪ್ರಮಾಣವನ್ನು ಗೊತ್ತುಮಾಡಲು ಕುಳಿತವರೇ ಈ ಮಾತನ್ನೂ ಹೇಳಿದರೆಂಬುದು ನನಗೆ ಇಷ್ಟ.

ಅಧಿಕಾರದ ಗೆರೆ ಮಾತಿನ ಮುಖವನ್ನು ತಿರುಗಿಸುವುದಕ್ಕೆ ಹತ್ತಿರದ ಉದಾಹರಣೆಯೂ ಇದೆ. 1862ರಲ್ಲಿ ಉತ್ತರ ಕನ್ನಡವನ್ನು ಮದ್ರಾಸ್ ಆಡಳಿತದಿಂದ ಬಿಡಿಸಿ ಮುಂಬಯಿಗೆ ಸೇರಿಸಿದರು, ದಕ್ಷಿಣ ಕನ್ನಡ ಮದ್ರಾಸಿನಲ್ಲೇ ಉಳಿಯಿತು. 1956ರ ರಾಜ್ಯ ಪುನರ್ವಿಂಗಡಣೆಯವರೆಗೂ ಹಾಗೆಯೇ ನಡೆಯಿತು. ಒಂದೇ ಜನ, ಒಂದೇ ಮನೆಮಾತು. ಆದರೆ ಕುಮಟಾದವನು ಓದಿಗೆ ಧಾರವಾಡ, ಮುಂಬಯಿಯ ಕಡೆ ಮುಖ ಮಾಡಿದ, ಪುತ್ತೂರಿನವನು ಮಂಗಳೂರು, ಮದ್ರಾಸಿನ ಕಡೆ. ಸಂಶಯ ಬಂದಾಗ ಕೇಳುವ ಊರೇ ಬೇರೆಯಾಯಿತು.

ಕಾರವಾರದ ಕೊಂಕಣಿಯ ಕಥೆ ಇದಕ್ಕಿಂತ ಜಟಿಲ. ಕೊಂಕಣಿಯವರ ಮಾತನ್ನು ಒಂದುಗೂಡಿಸಬೇಕೆಂಬ ಮೊದಲ ದೊಡ್ಡ ಪ್ರಯತ್ನ ಶುರುವಾದದ್ದು ಕಾರವಾರದಲ್ಲೇ. ಅಲ್ಲಿಯ ವಕೀಲ ಮಾಧವ ಮಂಜುನಾಥ ಶಾನಭಾಗರು ಕೊಂಕಣಿ ಸೀಮೆಗಳನ್ನೆಲ್ಲ ಸುತ್ತಿ, ಒಂದು ಭಾಷೆ, ಒಂದು ಲಿಪಿ, ಒಂದು ಸಾಹಿತ್ಯ ಎಂಬ ಕರೆಯೊಂದಿಗೆ 1939ರಲ್ಲಿ ಮೊದಲ ಅಖಿಲ ಭಾರತ ಕೊಂಕಣಿ ಪರಿಷತ್ತನ್ನು ಕಾರವಾರದಲ್ಲಿ ನಡೆಸಿದರು. ಮುಂದಿನದು ನಿಧಾನವಾಗಿ ಬಂತು. 1975ರಲ್ಲಿ ಸಾಹಿತ್ಯ ಅಕಾಡೆಮಿ ಕೊಂಕಣಿಯನ್ನು ಸ್ವತಂತ್ರ ಭಾಷೆಯೆಂದು ಮನ್ನಿಸಿತು, 1987ರಲ್ಲಿ ಗೋವಾ ದೇವನಾಗರಿ ಲಿಪಿಯ ಕೊಂಕಣಿಯನ್ನು ರಾಜಭಾಷೆ ಮಾಡಿತು, 1992ರಲ್ಲಿ ಅದು ಸಂವಿಧಾನದ ಎಂಟನೆಯ ಅನುಸೂಚಿಗೆ ಸೇರಿತು. ಬರವಣಿಗೆಯ ಪ್ರಮಾಣವಾಗಿ ಮೇಲೆ ಬಂದದ್ದು ಗೋವಾದ ಫೋಂಡಾ ಸೀಮೆಯ ಅಂತ್ರೂಜಿ ಕೊಂಕಣಿ. ಕರೆ ಕೊಟ್ಟ ಊರು ಒಂದು, ಆರಿಸಿಕೊಂಡ ಮಾತು ಇನ್ನೊಂದು ಊರಿನದು. ಪುಲಿಗೆರೆಯ ಕಥೆಯನ್ನೇ ಇಲ್ಲಿ ಮತ್ತೆ ಓದಬಹುದು.

‘ಒಂದು ಲಿಪಿ’ ಮಾತ್ರ ಇಂದಿಗೂ ಆಗಿಲ್ಲ. ದೇವನಾಗರಿ, ರೋಮನ್, ಕನ್ನಡ, ಮಲಯಾಳ ಲಿಪಿಗಳಲ್ಲಿ ಕೊಂಕಣಿ ಬರೆಯುತ್ತಾರೆ. ನಮ್ಮ ಭಟ್ಕಳದ ನವಾಯತ ಮುಸ್ಲಿಮರು ತಮ್ಮ ಕೊಂಕಣಿಯಾದ ನವಾಯತಿಯನ್ನು ಅರಬ್ಬಿ-ಫಾರಸಿ ಲಿಪಿಯಲ್ಲಿ ಬರೆಯುತ್ತಾರೆ. ಕರ್ನಾಟಕದ ಶಾಲೆಗಳಲ್ಲಿ ಕೊಂಕಣಿ ಐಚ್ಛಿಕ ಭಾಷೆಯಾಗಿ ಬಂದಾಗಲೂ ಕನ್ನಡ, ದೇವನಾಗರಿ ಎರಡಕ್ಕೂ ಅವಕಾಶ ಕೊಡಬೇಕಾಯಿತು. ಇದನ್ನು ಸೋಲೆಂದು ದುಃಖಿಸುವವರಿದ್ದಾರೆ. ನನಗೆ ಹಾಗೆ ಅನಿಸುವುದಿಲ್ಲ. ಕಾರವಾರದ ಗಡಿಯ ಮಾಜಾಳಿಯವನಿಗೆ ಆಚೆಯ ಗೋವಾದ ಕಾಣಕೋಣ ಹತ್ತಿರ, ಹೊನ್ನಾವರದವನಿಗೆ ಮಂಗಳೂರಿನ ಕಡೆಯ ಮಾತು ಹತ್ತಿರ. ಇಬ್ಬರೂ ಒಂದೇ ಕಡೆ ತಿರುಗಬೇಕೆಂದು ಹೇಳಲು ಯಾವ ಠರಾವಿಗೂ ಬಲವಿಲ್ಲ.

ಕರ್ನಾಟಕದ ಸಾರಸ್ವತರ ಕೊಂಕಣಿಯಲ್ಲಿ ಒಳಗಿನ ಕಟ್ಟಳೆ ಎಷ್ಟು ಆಳಕ್ಕೆ ಇಳಿದಿದೆ ಎಂದರೆ, ವಾಕ್ಯದ ಎಲುಬೇ ಬದಲಾಗಿದೆ. ‘ಯಾವ ಮುದುಕ ಪೇಪರ್ ಓದುತ್ತಿದ್ದಾನೋ, ಅವನು ಡಾಕ್ಟರು’ ಎಂಬ ಕನ್ನಡದ ಜಾಡಿನಲ್ಲೇ ಅವರು ‘ಖಂಚೊ … ಕೀ, ತೊ …’ ಎಂದು ವಾಕ್ಯ ಕಟ್ಟುತ್ತಾರೆ. ನಮ್ಮ ‘ಯಾವ’ದ ಜಾಗದಲ್ಲಿ ಪ್ರಶ್ನೆಯ ಪದ ‘ಖಂಚೊ’, ‘ಓ’ ಪ್ರತ್ಯಯದ ಜಾಗದಲ್ಲಿ ‘ಕೀ’. ಮರಾಠಿಯಲ್ಲಿರುವ ‘ಜೊ–ತೊ’ ಜೋಡಿಯನ್ನು ಇದು ಹಿಂದಕ್ಕೆ ತಳ್ಳಿತು. ಭಾಷಾವಿಜ್ಞಾನಿ ಮಂಗೇಶ ನಾಡಕರ್ಣಿಯವರು 1975ರಲ್ಲಿ ಇದನ್ನು ವಿಶ್ಲೇಷಿಸಿದರು. ಪದಗಳೆಲ್ಲ ಕೊಂಕಣಿ, ಕಟ್ಟಡ ಕನ್ನಡದ್ದು. ಗೋವಾದವನ ಕಿವಿಗೆ ಇದು ವಿಚಿತ್ರ. ಕುಮಟಾದ ಮನೆಯಲ್ಲಿ ಹುಟ್ಟಿದವನಿಗೆ ಇದಕ್ಕಿಂತ ಸಹಜವಾದದ್ದಿಲ್ಲ. ನೂರಾರು ವರ್ಷ ಪಕ್ಕದಲ್ಲಿ ಬಾಳಿದ ಎರಡು ಭಾಷೆಗಳ ನಡುವೆ ಹುಟ್ಟಿದ ಈ ರೂಪವನ್ನು ‘ಕೆಟ್ಟ ಕೊಂಕಣಿ’ ಎನ್ನುವವರು ವ್ಯಾಕರಣವನ್ನು ಹೇಳುತ್ತಿಲ್ಲ, ವಿಳಾಸವನ್ನು ಹೇಳುತ್ತಿದ್ದಾರೆ.

ಇಂಗ್ಲಿಷಿಗೂ ಇದೇ ಆಗಿದೆ. ಇಂಗ್ಲೆಂಡಿನವರು ಪ್ರಮಾಣ ಕೊಡುವವರು, ಭಾರತದಂಥ ದೇಶಗಳು ತಮ್ಮದೇ ಪ್ರಮಾಣವನ್ನು ಬೆಳೆಸಿಕೊಳ್ಳುತ್ತಿರುವವು ಎಂದು ಭಾಷಾವಿಜ್ಞಾನಿ ಬ್ರಜ್ ಕಛ್ರು 1985ರಲ್ಲಿ ವಿಂಗಡಿಸಿದರು. ಸಭೆಯನ್ನು ಗೊತ್ತಾದ ದಿನಕ್ಕಿಂತ ಮುಂಚೆ ಇಟ್ಟದ್ದಕ್ಕೆ, ಭಾರತದ ಇಂಗ್ಲಿಷಿನ ರೂಢಿಯಂತೆ, ‘ಪ್ರೀಪೋನ್’ ಮಾಡಿದೆವೆಂದು ಬರೆಯುವ ಕಾರವಾರದ ಗುಮಾಸ್ತ ಅದಕ್ಕಾಗಿ ಲಂಡನ್ನಿನ ಅನುಮತಿ ಕೇಳುವುದಿಲ್ಲ. ಇಂಗ್ಲಿಷಿನ ವಿಷಯದಲ್ಲಿ ಇದನ್ನು ಒಪ್ಪುವ ವಿದ್ಯಾವಂತರೇ ನಮ್ಮ ಕರಾವಳಿಯ ಹಾಲಕ್ಕಿ ಸಮುದಾಯದವರ ಕನ್ನಡವನ್ನು ಕೇಳಿದಾಗ ಮೂಗು ಮುರಿಯುತ್ತಾರೆ. ಅಂಕೋಲೆಯ ಬಡಗೇರಿಯ ಸುಕ್ರಿ ಬೊಮ್ಮಗೌಡರಿಗೆ 2017ರಲ್ಲಿ ಪದ್ಮಶ್ರೀ ಬಂದದ್ದು ಅವರು ನೆನಪಿನಲ್ಲಿಟ್ಟುಕೊಂಡು ಹಾಡಿದ ಹಾಲಕ್ಕಿ ಹಾಡುಗಳಿಗಾಗಿ. ಹಾಡಿಗೆ ಕೂರುವ ಮಾತು ಸುಲಭವಾಗಿ ಅಲುಗುವುದಿಲ್ಲ. ಅಕ್ಷರವಿಲ್ಲದೆಯೂ ಒಂದು ನುಡಿ ತನ್ನ ರೂಪಗಳನ್ನು ಕಾಯ್ದುಕೊಳ್ಳುವ ಬಗೆಗಳಲ್ಲಿ ಅದೂ ಒಂದು.

ಯಕ್ಷಗಾನದ ಮಾತಿಲ್ಲದೆ ನಮ್ಮ ಜಿಲ್ಲೆಯಲ್ಲಿ ಈ ಚರ್ಚೆ ಪೂರ್ತಿಯಾಗದು. ಅರ್ಥಗಾರಿಕೆಯ, ಅಂದರೆ ಪದ್ಯಗಳ ನಡುವೆ ಪಾತ್ರಧಾರಿ ಆಶುವಾಗಿ ಆಡುವ ಮಾತಿನ, ಕನ್ನಡವನ್ನು ಯಾವ ವಿಶ್ವವಿದ್ಯಾಲಯವೂ ರೂಪಿಸಲಿಲ್ಲ. ಕೆರೆಮನೆ ಶಿವರಾಮ ಹೆಗಡೆಯವರು ಹೊನ್ನಾವರ ತಾಲ್ಲೂಕಿನಲ್ಲಿ ಇಡಗುಂಜಿ ಮೇಳವನ್ನು ಕಟ್ಟಿದ್ದು 1934ರಲ್ಲಿ. ಆ ಹೊತ್ತಿಗೇ ಈ ಮಾತಿನ ಶೈಲಿ ಹಳೆಯದಾಗಿತ್ತು. ಕಲಾವಿದನ ಮನೆಮಾತು ಏನೇ ಇರಲಿ, ಕಿರೀಟ ಕಟ್ಟಿದ ಮೇಲೆ ಅವನ ಬಾಯಲ್ಲಿ ಒಂದೇ ಒಂದು ಇಂಗ್ಲಿಷ್ ಪದ ಬರಕೂಡದು, ಮನೆಯ ಧಾಟಿ ಇಣುಕಕೂಡದು. ಬಂದರೆ ತಿದ್ದುವುದು ಪ್ರೇಕ್ಷಕರೇ. ಎದುರಿಗೆ ಕುಳಿತವರಲ್ಲಿ ಶಾಲೆಯ ಮೆಟ್ಟಿಲು ಹೆಚ್ಚು ಹತ್ತದವರೂ ಇರುತ್ತಾರೆ, ಆದರೆ ಕರ್ಣನ ಬಾಯಲ್ಲಿ ‘ಟೈಮ್’ ಬಂದರೆ ಅವರಿಗೂ ಕೂಡಲೇ ತಿಳಿಯುತ್ತದೆ. ವೇಷವಿಲ್ಲದೆ ಬರೀ ಮಾತಿನಿಂದ ನಡೆಯುವ ತಾಳಮದ್ದಳೆಯಲ್ಲಂತೂ ಈ ಬಿಗಿ ಇನ್ನೂ ಹೆಚ್ಚು.

ಇದರೊಳಗೇ ಇನ್ನೊಂದು ನಿಯಮವಿದೆ, ಅದು ನಿಮ್ಮ ನಾಟಕಕ್ಕೆ ನೇರ ಸಂಬಂಧಿಸಿದ್ದು. ಅದೇ ರಂಗದ ಮೇಲೆ ಹಾಸ್ಯಗಾರ ಬಂದನೆಂದರೆ ಅವನಿಗೆ ಊರ ಮಾತು ಆಡುವ ಪರವಾನಗಿ ಇದೆ. ದೂತನಾಗಿ ಬಂದವನು ಹಳ್ಳಿಯ ಧಾಟಿಯಲ್ಲಿ ಆಡಿದರೆ ಪ್ರೇಕ್ಷಕ ನಗುತ್ತಾನೆ, ಒಪ್ಪುತ್ತಾನೆ. ಅರಸ ಹಾಗೆ ಆಡಿದರೆ ಒಪ್ಪುವುದಿಲ್ಲ. ಯಾರು ಯಾವ ಮಾತನ್ನು ಎಲ್ಲಿ ಆಡಬಹುದು ಎಂಬ ಹಂಚಿಕೆಯೂ ಕಟ್ಟಳೆಯೇ. ಆದರೆ ಈ ಹಂಚಿಕೆಗೆ ಒಂದು ಬೆಲೆ ತೆರಬೇಕಾಯಿತು: ಮನೆಮಾತು ರಂಗದ ಮೇಲೆ ನಗಿಸುವುದಕ್ಕೆ ಮಾತ್ರ ಎಂಬ ಅಭ್ಯಾಸ ನಮ್ಮ ಕಿವಿಗೆ ಆಗಿಬಿಟ್ಟಿದೆ. ನಿಮ್ಮ ನಾಟಕದಲ್ಲಿ ಗಂಭೀರ ಸನ್ನಿವೇಶವಿದ್ದರೆ, ಮೊದಲ ಪ್ರದರ್ಶನದಲ್ಲಿ ಅಲ್ಲಿಯೂ ಒಂದಷ್ಟು ನಗು ಬರುತ್ತದೆ. ತಪ್ಪು ನಿಮ್ಮ ಬರವಣಿಗೆಯದಲ್ಲ. ಆ ಸನ್ನಿವೇಶದ ಮಾತನ್ನು ಪುಸ್ತಕದ ಕನ್ನಡಕ್ಕೆ ಬದಲಿಸಬೇಡಿ.

ಇನ್ನು ಹಸ್ತಪ್ರತಿಯ ಕೆಲಸ. ಕ್ರಿಯಾಪದದ ರೂಪಗಳನ್ನು, ಅಂದರೆ ‘ತಂಗಿ ಬಂತು’, ‘ಹೋಪಲೆ’, ‘ಇಲ್ಲೆ’ (ಇಲ್ಲ) ಇಂಥವನ್ನು ಮುಟ್ಟಲೇಬೇಡಿ; ಓದುಗರಿಗೆ ಸುಲಭವಾಗಲೆಂದು ಅರ್ಧ ಪುಸ್ತಕದ ಕನ್ನಡ ಮಾಡಿದರೆ ಅದು ಯಾವ ಊರಿನದೂ ಆಗುವುದಿಲ್ಲ. ಸೀಮೆಗಳ ಕಲಬೆರಕೆಯನ್ನು ಪಾತ್ರಗಳಿಗೆ ಹಂಚಿ. ಘಟ್ಟದ ಕೆಳಗಿನ ಅತ್ತೆ ಅವರ ಕಡೆಯ ರೂಪಗಳನ್ನೇ ಆಡಲಿ, ಮೇಲಿನಿಂದ ಬಂದ ಸೊಸೆ ತನ್ನವನ್ನು. ಸೊಸೆ ಮೊದಲ ದೃಶ್ಯದಲ್ಲಿ ಒಂದು ರೂಪ, ನಾಲ್ಕನೆಯದರಲ್ಲಿ ಇನ್ನೊಂದು ರೂಪ ಆಡಿದರೆ, ನಡುವೆ ಅವಳಿಗೆ ಕುಮಟಾದಲ್ಲಿ ಕೆಲವು ವರ್ಷ ಕಳೆದಿರಬೇಕು. ಹಾಗೆ ಕಳೆದಿದ್ದರೆ ಆ ಬದಲಾವಣೆ ನಾಟಕದ ಒಳ್ಳೆಯ ಅಂಶವೇ ಆದೀತು.

ಕಾಗುಣಿತದಲ್ಲಿ ನಿಮ್ಮನ್ನು ಹೆಚ್ಚು ಕಾಡುವುದು ‘ಎಂತ’ವೋ ‘ಯಂತ’ವೋ, ‘ನನಗೆ’ ಎನ್ನಲು ‘ಎಂಗೆ’ಯೋ ‘ಯಂಗೆ’ಯೋ ಎಂಬುದು. ನಾನು ‘ಎ’ಕಾರದ ಪರ. ಪುಸ್ತಕದ ಕನ್ನಡದಲ್ಲಿಯೂ ನಾವು ‘ಎಲ್ಲಿ’ ಎಂದು ಬರೆದು ಯಕಾರದ ಛಾಯೆ ಸೇರಿಸಿಯೇ ಓದುತ್ತೇವೆ. ಓದುಗನಿಗೆ ಆ ಅಭ್ಯಾಸ ಮೊದಲೇ ಇರುವಾಗ ಹೊಸ ಕಾಗುಣಿತ ಹೇರಿ ಅವನನ್ನು ತಡೆಯುವುದೇಕೆ? ನಿಮಗೆ ‘ಯ’ಕಾರವೇ ಬೇಕೆನಿಸಿದರೆ ಅದೂ ಆಗಲಿ, ಆದರೆ ಕೊನೆಯ ಪುಟದವರೆಗೂ ಅದೇ ಇರಲಿ. ಹೊಸ ಚಿಹ್ನೆ, ಚುಕ್ಕೆ, ಗೆರೆಗಳ ಮೋಹ ಬೇಡ. ಅಜ್ಜಿಯ ಕಾಲದ ಶಬ್ದಗಳನ್ನು ಹುಡುಕಿ ತಂದು ಇಪ್ಪತ್ತರ ಹುಡುಗನ ಬಾಯಿಗೆ ತುರುಕಬೇಡಿ. ಅವನು ಮನೆಯಲ್ಲಿ ಲೋನ್, ಮೊಬೈಲ್ ಎನ್ನುತ್ತಿದ್ದರೆ ರಂಗದ ಮೇಲೂ ಹಾಗೆಯೇ ಅನ್ನಲಿ.

ಆಮೇಲೆ ಗಟ್ಟಿಯಾಗಿ ಓದಿಸಿ, ನೀವು ಓದಬೇಡಿ. ಘಟ್ಟದ ಮೇಲಿನ ಒಂದು ಮನೆಯಲ್ಲಿ, ಕೆಳಗಿನ ಒಂದು ಮನೆಯಲ್ಲಿ, ಹಸ್ತಪ್ರತಿಯನ್ನು ಮೊದಲ ಸಲ ನೋಡುವವರಿಂದ ಓದಿಸಿ, ಅವರು ತಡವರಿಸಿದ ಕಡೆಗಳಲ್ಲಿ ಪೆನ್ಸಿಲ್ ಗುರುತು ಹಾಕಿಕೊಳ್ಳಿ. ಇಬ್ಬರೂ ತಡವರಿಸಿದ ಜಾಗ ತಿದ್ದಬೇಕಾದದ್ದು. ಒಬ್ಬರಷ್ಟೇ ತಡವರಿಸಿದ್ದು ಬಹುಮಟ್ಟಿಗೆ ಸೀಮೆಯ ವ್ಯತ್ಯಾಸ, ಬಿಟ್ಟುಬಿಡಿ.

ಕೊನೆಗೆ ಪ್ರತಿಯನ್ನು ಆ ಹಿರಿಯರಿಗೇ ಮತ್ತೊಮ್ಮೆ ಕೊಡಿ. ‘ಶುದ್ಧವೇ?’ ಎಂದು ಕೇಳಬೇಡಿ. ‘ಯಾವ ಸಾಲು ನಿಮ್ಮ ಮನೆಯಲ್ಲಿ ಹೀಗೆ ಬರುವುದಿಲ್ಲ, ಹೇಗೆ ಬರುತ್ತದೆ?’ ಎಂದು ಕೇಳಿ, ಅವರು ಹೇಳಿದ್ದನ್ನು ಅಂಚಿನಲ್ಲಿ ಬರೆದುಕೊಳ್ಳಿ. ನಾಟಕ ಅಚ್ಚಾಗುವುದಾದರೆ, ನೀವು ಯಾವ ಸೀಮೆಯ ರೂಪಗಳನ್ನು ಹಿಡಿದಿದ್ದೀರಿ, ಕಾಗುಣಿತದಲ್ಲಿ ಏನು ಆರಿಸಿದ್ದೀರಿ ಎಂಬುದನ್ನು ಮೊದಲ ಪುಟದಲ್ಲಿ ಎರಡು ಸಾಲಿನಲ್ಲಿ ಹೇಳಿ. ನಾಳೆ ಸಿದ್ದಾಪುರದಲ್ಲೋ ಯಲ್ಲಾಪುರದಲ್ಲೋ ಇದೇ ಮಾತಿನಲ್ಲಿ ಬರೆಯಲು ಕೂರುವವರು ಮೊದಲು ಹುಡುಕುವುದು ಆ ಎರಡು ಸಾಲನ್ನೇ.